ಪ್ಲಾನಟೇರಿಯಂ ಸಾಫ್ಟ್‌ವೇರ್‌ನ ಆಕಾಶ ಹೊರಗಿನ ಆಕಾಶಕ್ಕೆ ತಾಳೆಯಾಗದಿದ್ದರೆ: ದೋಷ ಹುಡುಕುವ ಕೈಪಿಡಿ

ಆಕಾಶದ ನಕ್ಷೆ ತೋರಿಸುವ ಪ್ಲಾನಟೇರಿಯಂ ಸಾಫ್ಟ್‌ವೇರ್‌ನ ಸ್ಕ್ರೀನ್‌ನಲ್ಲಿ ಗುರು ಗ್ರಹ ಪೂರ್ವದಲ್ಲಿ ಚೆನ್ನಾಗಿ ಮೇಲೇರಿದೆ. ಹೊರಗೆ ನೋಡಿದರೆ ಅಲ್ಲಿ ಏನೂ ಇಲ್ಲ. ಇಲ್ಲವೇ ಟೆಲಿಸ್ಕೋಪ್‌ಗೆ ಒಂದು ನಕ್ಷತ್ರ ತೋರಿಸು ಎಂದರೆ ಅದು ನೆಲದ ಕಡೆ ತಿರುಗುತ್ತದೆ. ಇಲ್ಲವೇ ಸಾಫ್ಟ್‌ವೇರ್‌ನ ಚೌಕಟ್ಟಿನಲ್ಲಿ ಸರಿಯಾಗಿ ಕೂತಿದ್ದ ಗ್ಯಾಲಕ್ಸಿ ಫೋಟೊದಲ್ಲಿ ಅಂಚಿಗೆ ಬಂದು ಕತ್ತರಿಸಿಹೋಗಿದೆ.

ಇಂಥ ಹೊತ್ತಿನಲ್ಲಿ ಸಿಕ್ಕ ಸಿಕ್ಕ ಸೆಟ್ಟಿಂಗ್ ಬದಲಿಸುತ್ತಾ ಹೋಗುತ್ತೇವೆ. ಆಗದಿದ್ದರೆ ಸಾಫ್ಟ್‌ವೇರ್ ಅಳಿಸಿ ಮತ್ತೆ ಹಾಕುತ್ತೇವೆ. ದಯವಿಟ್ಟು ಹಾಗೆ ಮಾಡಬೇಡಿ. ಸ್ಟೆಲೇರಿಯಂ, ಕೆಸ್ಟಾರ್ಸ್, ಕಾರ್ತ್ ದು ಸಿಯೆಲ್ ತರಹದ ಸಾಫ್ಟ್‌ವೇರ್‌ಗಳು ನಕ್ಷತ್ರದ ಲೆಕ್ಕದಲ್ಲಿ ತಪ್ಪುವುದು ತೀರಾ ಅಪರೂಪ. ಸಾಮಾನ್ಯವಾಗಿ ತಪ್ಪಿರುವುದು ಅದಕ್ಕೆ ಸಿಕ್ಕ ಮಾಹಿತಿ: ಎಲ್ಲಿದ್ದೀರಿ, ಈಗ ಸಮಯ ಎಷ್ಟು, ಯಾವ ಕಡೆ ಮುಖ ಮಾಡಿದ್ದೀರಿ, ಯಾವ ಲೆನ್ಸ್ ಹಾಕಿದ್ದೀರಿ. ಇವುಗಳಲ್ಲಿ ಯಾವುದು ತಪ್ಪಿದೆಯೋ ಅದಕ್ಕೆ ತಕ್ಕ ಹಾಗೆ ಆಕಾಶ ಜರುಗುತ್ತದೆ. ಹಾಗಾಗಿ ಎಷ್ಟು ಜರುಗಿದೆ, ಯಾವ ಕಡೆಗೆ ಜರುಗಿದೆ ಎಂದು ನೋಡಿದರೆ ಸಾಕು, ಯಾವ ಸೆಟ್ಟಿಂಗ್ ತಪ್ಪಿದೆ ಎಂದು ಬಹುಪಾಲು ಗೊತ್ತಾಗಿಬಿಡುತ್ತದೆ. ಈ ಬರಹ ಪೂರ್ತಿ ಇದರ ಬಗ್ಗೆಯೇ.

ಉದಾಹರಣೆಗಳಲ್ಲಿ ಕೊಟ್ಟ ಕೀಲಿಗಳು ಕಂಪ್ಯೂಟರ್‌ನ ಸ್ಟೆಲೇರಿಯಂನವು. ಬೇರೆ ಸಾಫ್ಟ್‌ವೇರ್‌ನಲ್ಲಿ ಮೆನು ಬೇರೆ ಇರಬಹುದು, ತರ್ಕ ಅದೇ.

ಯಾವುದನ್ನೂ ಮುಟ್ಟುವ ಮೊದಲು ಅಳೆಯಿರಿ

ಕೈ ನೀಟಾಗಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಆಕಾಶದಲ್ಲಿ ಸುಮಾರು 10 ಡಿಗ್ರಿ. ಕಿರುಬೆರಳಿನ ಅಗಲ ಸುಮಾರು 1 ಡಿಗ್ರಿ. ಹುಣ್ಣಿಮೆ ಚಂದ್ರ ಅರ್ಧ ಡಿಗ್ರಿ. ಇಷ್ಟು ಗೊತ್ತಿದ್ದರೆ ಬೇರೆ ಉಪಕರಣ ಬೇಡ.

ಸಂಶಯವೇ ಇಲ್ಲದೆ ಗುರುತಿಸಬಲ್ಲ ಒಂದು ನಕ್ಷತ್ರ ಆರಿಸಿಕೊಳ್ಳಿ. ಲುಬ್ಧಕ, ಸ್ವಾತಿ, ಚಿತ್ತಾ, ಅಭಿಜಿತ್, ಯಾವುದಾದರೂ ಸರಿ. ಅದು ಪೂರ್ವದಲ್ಲೋ ಪಶ್ಚಿಮದಲ್ಲೋ ಇದ್ದರೆ ಇನ್ನೂ ಒಳ್ಳೆಯದು, ಯಾಕೆಂದರೆ ಸಮಯ ತಪ್ಪಿದ್ದರೆ ಆ ದಿಕ್ಕುಗಳಲ್ಲಿ ನಕ್ಷತ್ರದ ಎತ್ತರ ಜಾಸ್ತಿ ಬದಲಾಗಿ ಕಾಣುತ್ತದೆ. ದಿಗಂತದಿಂದ ಅದು ಎಷ್ಟು ಮುಷ್ಟಿ ಮೇಲಿದೆ ಎಂದು ಅಳೆಯಿರಿ. ಆಮೇಲೆ ಸಾಫ್ಟ್‌ವೇರ್‌ನಲ್ಲಿ ಅದೇ ನಕ್ಷತ್ರದ ಮೇಲೆ ಕ್ಲಿಕ್ ಮಾಡಿ, ಅಲ್ಲಿ ಕೊಟ್ಟಿರುವ ಎತ್ತರ ಮತ್ತು ದಿಕ್ಕಿನ ಅಂಕಿ ಬರೆದುಕೊಳ್ಳಿ. ಎರಡರ ವ್ಯತ್ಯಾಸವೇ ನಿಮ್ಮ ಮೊದಲ ಸುಳಿವು.

ವ್ಯತ್ಯಾಸ ಒಂದು ಡಿಗ್ರಿಯೊಳಗೆ ಇದ್ದು ಬರಿಗಣ್ಣಲ್ಲಿ ನೋಡುತ್ತಿದ್ದರೆ ಚಿಂತೆ ಬೇಡ, ಅದು ನಿಮ್ಮ ಮುಷ್ಟಿಯ ಅಳತೆಯಲ್ಲೇ ಬರುವ ತಪ್ಪು. ದಿಗಂತಕ್ಕೆ ಅಂಟಿಕೊಂಡ ನಕ್ಷತ್ರವನ್ನು ಪರೀಕ್ಷೆಗೆ ತೆಗೆದುಕೊಳ್ಳಬೇಡಿ. ಅಲ್ಲಿ ಗಾಳಿಯ ಪದರ ಬೆಳಕನ್ನು ಬಾಗಿಸಿ ನಕ್ಷತ್ರವನ್ನು ಅರ್ಧ ಡಿಗ್ರಿಗಿಂತ ಸ್ವಲ್ಪ ಜಾಸ್ತಿಯೇ ಮೇಲೆತ್ತಿ ತೋರಿಸುತ್ತದೆ. ಸ್ಟೆಲೇರಿಯಂನಲ್ಲಿ ವಾತಾವರಣ ತೋರಿಸುವ ‘ಎ’ ಕೀಲಿ ಒತ್ತಿದರೆ ಈ ಬಾಗುವಿಕೆಯ ಲೆಕ್ಕವೂ ಸೇರುತ್ತದೆ ಅಥವಾ ಹೋಗುತ್ತದೆ. 45 ಡಿಗ್ರಿ ಎತ್ತರದಲ್ಲಿ ಇದು ಬರೀ ಒಂದು ಆರ್ಕ್‌ಮಿನಿಟ್, ಅಂದರೆ ಡಿಗ್ರಿಯ 60ರಲ್ಲಿ ಒಂದು ಭಾಗ.

ಜಾಗ ತಪ್ಪಿದೆಯೋ, ಸಮಯ ತಪ್ಪಿದೆಯೋ?

ಉತ್ತರ ಗೋಳಾರ್ಧದಲ್ಲಿ ಇರುವವರಿಗೆ ಧ್ರುವ ನಕ್ಷತ್ರ ಇದಕ್ಕೆ ಉತ್ತರ ಹೇಳುತ್ತದೆ. ನಿಮ್ಮ ಅಕ್ಷಾಂಶ ಎಷ್ಟೋ, ಧ್ರುವ ನಕ್ಷತ್ರ ದಿಗಂತದಿಂದ ಸುಮಾರು ಅಷ್ಟೇ ಎತ್ತರದಲ್ಲಿ ಇರುತ್ತದೆ. ಅದು ನಿಜವಾದ ಧ್ರುವ ಬಿಂದುವಿನಿಂದ ಮುಕ್ಕಾಲು ಡಿಗ್ರಿಯೂ ದೂರ ಇಲ್ಲ, ಹಾಗಾಗಿ ಗಡಿಯಾರ ಎಷ್ಟು ತಪ್ಪಿದ್ದರೂ ಅದು ಹೆಚ್ಚು ಕದಲುವುದಿಲ್ಲ. ಧ್ರುವ ನಕ್ಷತ್ರದ ಎತ್ತರ ತಪ್ಪಿದ್ದರೆ ಅಕ್ಷಾಂಶ ತಪ್ಪು. ಧ್ರುವ ನಕ್ಷತ್ರ ಸರಿ ಇದ್ದು ಉಳಿದ ಆಕಾಶ ಅದರ ಸುತ್ತ ತಿರುಗಿದಂತೆ ಕಂಡರೆ ಸಮಯವೋ ರೇಖಾಂಶವೋ ತಪ್ಪು. ಸ್ಕ್ರೀನ್‌ನಲ್ಲಿ ಧ್ರುವ ನಕ್ಷತ್ರ ನೆಲದ ಅಡಿ ಸೇರಿದ್ದರೆ ಉತ್ತರ ಅಕ್ಷಾಂಶದ ಬದಲು ದಕ್ಷಿಣ ಅಕ್ಷಾಂಶ ನಮೂದಾಗಿದೆ.

ದಕ್ಷಿಣ ಗೋಳಾರ್ಧದಲ್ಲಿ ಧ್ರುವದ ಹತ್ತಿರ ಹೊಳೆಯುವ ನಕ್ಷತ್ರ ಇಲ್ಲ. ಅಲ್ಲಿ ಒಂದು ನಕ್ಷತ್ರ ತನ್ನ ಅತಿ ಎತ್ತರದ ಜಾಗಕ್ಕೆ ಬಂದಾಗ ಎಷ್ಟು ಮೇಲಿರುತ್ತದೆ ಎಂದು ನೋಡಿ, ಸಾಫ್ಟ್‌ವೇರ್‌ನಲ್ಲಿ ಅದೇ ನಕ್ಷತ್ರದ ಗರಿಷ್ಠ ಎತ್ತರದ ಜೊತೆ ಹೋಲಿಸಿ. ಗರಿಷ್ಠ ಎತ್ತರಕ್ಕೂ ಗಡಿಯಾರಕ್ಕೂ ಸಂಬಂಧ ಇಲ್ಲ, ಅಕ್ಷಾಂಶಕ್ಕೆ ಮಾತ್ರ ಸಂಬಂಧ.

ಈಗ ಡಿಗ್ರಿಯ ಲೆಕ್ಕ. ಆಕಾಶ ಒಂದು ಗಂಟೆಗೆ 15 ಡಿಗ್ರಿ ತಿರುಗುತ್ತದೆ, ನಾಲ್ಕು ನಿಮಿಷಕ್ಕೆ 1 ಡಿಗ್ರಿ. ಪೂರ್ವ-ಪಶ್ಚಿಮದಲ್ಲಿ ಒಂದೂವರೆ ಮುಷ್ಟಿ ವ್ಯತ್ಯಾಸ ಇದ್ದರೆ ಒಂದು ಗಂಟೆ ತಪ್ಪಿದೆ ಎಂದರ್ಥ. ಇದು ಹೆಚ್ಚಾಗಿ ‘ಬೇಸಿಗೆ ಸಮಯ’ದ ಕಾಟ, ಅಂದರೆ ಕೆಲವು ದೇಶಗಳಲ್ಲಿ ಬೇಸಿಗೆಗೆ ಗಡಿಯಾರವನ್ನು ಒಂದು ಗಂಟೆ ಮುಂದಿಡುವ ಪದ್ಧತಿ. 7.5 ಡಿಗ್ರಿ ಇದ್ದರೆ ಅರ್ಧ ಗಂಟೆ. ಯುಟಿಸಿಯಿಂದ (ಇಡೀ ಜಗತ್ತಿಗೆ ಒಂದೇ ಆದ ಮೂಲ ಸಮಯ) ಅರ್ಧ ಗಂಟೆಯ ಲೆಕ್ಕದಲ್ಲಿ ಇರುವ ಟೈಮ್‌ಜೋನ್‌ಗಳಲ್ಲಿ ಹೀಗಾಗುತ್ತದೆ, ಪೂರ್ತಿ ಗಂಟೆ ಮಾತ್ರ ಒಪ್ಪುವ ಸಾಧನಕ್ಕೆ ಹತ್ತಿರದ ಗಂಟೆ ಹಾಕಿಬಿಟ್ಟಿರುತ್ತೇವೆ. ವ್ಯತ್ಯಾಸ ನಿಮ್ಮ ರೇಖಾಂಶದ ಸರಿಯಾಗಿ ಎರಡರಷ್ಟಿದ್ದರೆ ಪೂರ್ವದ ಜಾಗದಲ್ಲಿ ಪಶ್ಚಿಮ ಬಿದ್ದಿದೆ. 30 ಡಿಗ್ರಿ ಪೂರ್ವವನ್ನು 30 ಡಿಗ್ರಿ ಪಶ್ಚಿಮ ಎಂದು ಕೊಟ್ಟರೆ ಆಕಾಶ 60 ಡಿಗ್ರಿ ಜರುಗುತ್ತದೆ.

ನಕ್ಷತ್ರ ಸ್ಕ್ರೀನ್‌ನಲ್ಲಿ ಇರಬೇಕಾದ ಜಾಗಕ್ಕಿಂತ ಪಶ್ಚಿಮಕ್ಕೆ ಸರಿದಿದ್ದರೆ ಸಾಫ್ಟ್‌ವೇರ್‌ನ ಸಮಯ ಮುಂದಿದೆ. ಪೂರ್ವಕ್ಕೆ ಸರಿದಿದ್ದರೆ ಹಿಂದಿದೆ.

ಸ್ಥಳವನ್ನು ಎಫ್6 ಒತ್ತಿ ನೋಡಬಹುದು. ಅಲ್ಲಿ ‘ನೆಟ್‌ವರ್ಕ್‌ನಿಂದ ಸ್ಥಳ ಪಡೆ’ ಎಂಬ ಆಯ್ಕೆ ಇದೆ. ಅದು ಇಂಟರ್ನೆಟ್ ವಿಳಾಸ ನೋಡಿ ಊಹೆ ಮಾಡುತ್ತದೆ. ಆ ವಿಳಾಸ ಮರೆಮಾಡುವ ವಿಪಿಎನ್ ಹಾಕಿದ್ದರೆ ನಿಮ್ಮನ್ನು ಬೇರೆ ದೇಶಕ್ಕೆ ಕಳಿಸಿಬಿಡುತ್ತದೆ. ವೀಕ್ಷಣೆಗೆ ಹೋಗುವ ಜಾಗವನ್ನು ಕೈಯಿಂದಲೇ ನಮೂದಿಸಿ ಉಳಿಸಿಕೊಳ್ಳುವುದು ಒಳ್ಳೆಯದು ಎಂದು ನನ್ನ ಅಭಿಪ್ರಾಯ. ತೀರಾ ಕರಾರುವಾಕ್ಕಾಗಿ ಬೇಕಿಲ್ಲ. ಉತ್ತರ-ದಕ್ಷಿಣಕ್ಕೆ 1 ಡಿಗ್ರಿ ಎಂದರೆ ಸುಮಾರು 111 ಕಿಲೋಮೀಟರ್, ಹಾಗಾಗಿ ನಾಲ್ಕೈದು ಕಿಲೋಮೀಟರ್ ತಪ್ಪಿದರೆ ಕಣ್ಣಿಗೆ ಗೊತ್ತಾಗುವುದಿಲ್ಲ. ಚಂದ್ರ ಒಂದು ನಕ್ಷತ್ರವನ್ನು ಮರೆಮಾಡುವ ಕ್ಷಣ ಹಿಡಿಯಬೇಕಿದ್ದರೆ ಮಾತು ಬೇರೆ, ಆಗ ನಿಖರ ಸ್ಥಳವೇ ಬೇಕು.

ಇನ್ನೊಂದು ಚಿಕ್ಕ ವಿಷಯ. ಒಂದು ಗ್ರಹವನ್ನು ಆರಿಸಿ ಕಂಟ್ರೋಲ್ ಮತ್ತು ‘ಜಿ’ ಒತ್ತಿದರೆ ಸ್ಟೆಲೇರಿಯಂ ನಿಮ್ಮನ್ನು ಆ ಗ್ರಹಕ್ಕೇ ಕರೆದೊಯ್ಯುತ್ತದೆ. ಕೈ ತಪ್ಪಿ ಒತ್ತಿದವರು ಆಕಾಶ ಕೆಟ್ಟಿದೆ ಎಂದು ಗಾಬರಿಯಾಗುತ್ತಾರೆ. ಎಫ್6ರಲ್ಲಿ ಗ್ರಹದ ಹೆಸರು ಭೂಮಿ ಎಂದೇ ಇದೆಯಾ ಎಂದು ಒಮ್ಮೆ ಕಣ್ಣಾಡಿಸಿ. ಹಾಗೆಯೇ ನೆಲದ ಚಿತ್ರ ಬದಲಿಸುವ ಕಡೆ, ಆ ಚಿತ್ರಕ್ಕೆ ಸೇರಿದ ಗ್ರಹ ಮತ್ತು ಸ್ಥಳವನ್ನೂ ಬಳಸು ಎಂಬ ಗುರುತು ಇರುತ್ತದೆ. ಅದು ಆನ್ ಇದ್ದರೆ ನೆಲದ ಚಿತ್ರ ಬದಲಿಸಿದಾಗ ನಿಮ್ಮ ಸ್ಥಳವೂ ಬದಲಾಗುತ್ತದೆ.

ಗಡಿಯಾರದ ಒಳಗಿನ ತಿರುವುಗಳು

ಸಮಯದ ತೊಂದರೆಯೇ ಎಲ್ಲಕ್ಕಿಂತ ಜಾಸ್ತಿ, ಅದಕ್ಕೇ ಇಲ್ಲಿ ಸ್ವಲ್ಪ ನಿಂತು ನೋಡೋಣ.

ಮೊದಲು ಸುಲಭದ್ದು. ‘ಜೆ’, ‘ಎಲ್’ ಕೀಲಿಗಳು ಸಮಯವನ್ನು ನಿಧಾನ ಮಾಡುತ್ತವೆ, ವೇಗ ಮಾಡುತ್ತವೆ. ಸುಮ್ನೆ ಆಡುತ್ತಾ ಒತ್ತಿ ಮರೆತಿರಬಹುದು. ‘ಕೆ’ ಒತ್ತಿದರೆ ಸಹಜ ವೇಗ, ‘8’ ಒತ್ತಿದರೆ ಈಗಿನ ಸಮಯ. ಸಾಫ್ಟ್‌ವೇರ್ ತೆರೆದ ಕೂಡಲೇ ಪ್ರತಿ ಸಲ ಒಂದೇ ಹಳೆಯ ತಾರೀಖು ಬರುತ್ತಿದ್ದರೆ ಎಫ್2ರ ಸೆಟ್ಟಿಂಗ್‌ಗಳಲ್ಲಿ ‘ಶುರುವಿನ ಸಮಯ’ ಎಂಬ ಕಡೆ ಕಂಪ್ಯೂಟರ್‌ನ ಸಮಯ ಆರಿಸಿ, ಉಳಿಸಿ.

ಈಗ ಕಷ್ಟದ್ದು. ಕಂಪ್ಯೂಟರ್ ಒಳಗೊಳಗೆ ಯುಟಿಸಿ ಸಮಯ ಇಟ್ಟುಕೊಂಡಿರುತ್ತದೆ. ಸಾಫ್ಟ್‌ವೇರ್ ಆಕಾಶ ಬಿಡಿಸುವುದು ಅದರ ಮೇಲೆ. ಟೈಮ್‌ಜೋನ್ ಬೇಕಾಗುವುದು ನಿಮಗೆ ಗಡಿಯಾರ ತೋರಿಸಲು ಮಾತ್ರ. ಹಾಗಾಗಿ ಸ್ಟೆಲೇರಿಯಂನಲ್ಲಿ ಟೈಮ್‌ಜೋನ್ ತಪ್ಪಿದ್ದರೂ ‘8’ ಒತ್ತಿದಾಗ ಆಕಾಶ ಸರಿಯಾಗಿಯೇ ಇರುತ್ತದೆ, ಕೆಳಗಿನ ಪಟ್ಟಿಯ ಗಡಿಯಾರ ಮಾತ್ರ ತಪ್ಪಾಗಿ ಕಾಣುತ್ತದೆ. ಅದನ್ನು ನೋಡಿ ನೀವು ಗಡಿಯಾರವನ್ನು ಕೈಗಡಿಯಾರಕ್ಕೆ ಹೊಂದಿಸಿದಿರಿ ಎನ್ನಿ. ಸರಿ ಇದ್ದ ಆಕಾಶ ಆಗ ತಪ್ಪಾಗುತ್ತದೆ! ಇದರ ಉಲ್ಟಾ ಕೂಡ ಇದೆ. ಕಂಪ್ಯೂಟರ್‌ನ ಟೈಮ್‌ಜೋನ್ ತಪ್ಪಿದ್ದು, ಯಾರೋ ಗಡಿಯಾರದ ಮುಳ್ಳನ್ನು ಮಾತ್ರ ಸರಿಮಾಡಿದ್ದರೆ, ಎದುರಿಗೆ ಕಾಣುವ ಸಮಯ ಸರಿ, ಒಳಗಿನ ಯುಟಿಸಿ ತಪ್ಪು. ಆಗ ಗಡಿಯಾರ ಎಷ್ಟು ಸಲ ನೋಡಿದರೂ ದೋಷ ಸಿಗುವುದಿಲ್ಲ. ಆದ್ದರಿಂದ ಸಮಯದ ಪಕ್ಕದಲ್ಲಿ ಕಾಣುವ ಯುಟಿಸಿ ಅಂತರವನ್ನೂ ಓದಿ. ಸಮಯ, ಅಂತರ ಎರಡೂ ಸರಿ ಇದ್ದರೆ ಮಾತ್ರ ಯುಟಿಸಿ ಸರಿ.

ಒಂದೇ ಕಂಪ್ಯೂಟರ್‌ನಲ್ಲಿ ವಿಂಡೋಸ್ ಮತ್ತು ಲಿನಕ್ಸ್ ಎರಡೂ ಇದ್ದರೆ ಇನ್ನೊಂದು ಗೊಂದಲ. ವಿಂಡೋಸ್ ಮದರ್‌ಬೋರ್ಡ್ ಗಡಿಯಾರದಲ್ಲಿ ಸ್ಥಳೀಯ ಸಮಯ ಬರೆಯುತ್ತದೆ, ಲಿನಕ್ಸ್ ಸಾಮಾನ್ಯವಾಗಿ ಅದನ್ನು ಯುಟಿಸಿ ಎಂದು ಓದುತ್ತದೆ. ಇಂಟರ್ನೆಟ್ ಇದ್ದರೆ ತಾನೇ ಸರಿಹೋಗುತ್ತದೆ. ನೆಟ್‌ವರ್ಕ್ ಇಲ್ಲದ ಕತ್ತಲ ಜಾಗಕ್ಕೆ ಹೋದಾಗ ಆಕಾಶ ನಿಮ್ಮ ಟೈಮ್‌ಜೋನ್‌ನಷ್ಟೇ ಗಂಟೆ ಜರುಗಿ ನಿಲ್ಲುತ್ತದೆ. ರಾಸ್ಪ್‌ಬೆರಿ ಪೈ ಎಂಬ ಪುಟ್ಟ ಕಂಪ್ಯೂಟರ್ ಮೇಲೆ ಫೋಟೊ ತೆಗೆಯುವವರಿಗೂ ಇದೇ ಥರದ ತೊಂದರೆ. ಪೈ 4 ಮತ್ತು ಅದಕ್ಕಿಂತ ಹಳೆಯವುಗಳಲ್ಲಿ ಆಫ್ ಆದ ಮೇಲೂ ಓಡುವ ಗಡಿಯಾರ ಇಲ್ಲ. ಪೈ 5ರಲ್ಲಿ ಇದ್ದರೂ ಅದಕ್ಕೆ ಬೇರೆ ಬ್ಯಾಟರಿ ಹಾಕಬೇಕು. ನೆಟ್‌ವರ್ಕ್ ಇಲ್ಲದೆ ಆನ್ ಮಾಡಿದರೆ ಅದು ಹಿಂದಿನ ಸಲ ಆಫ್ ಮಾಡಿದ ಹೊತ್ತಿನಿಂದಲೇ ಎಣಿಸಲು ಶುರು ಮಾಡುತ್ತದೆ. ಚಿಕ್ಕ ಗಡಿಯಾರದ ಬಿಲ್ಲೆಯೋ ಜಿಪಿಎಸ್ ಸಾಧನವೋ ಜೋಡಿಸಿ, ಇಲ್ಲವೇ ಫೋನ್‌ನ ಹಾಟ್‌ಸ್ಪಾಟ್ ಕೊಟ್ಟು ಸಮಯ ಸರಿಯಾದ ಮೇಲೆ ಕೆಲಸ ಶುರು ಮಾಡಿ.

ಚಂದ್ರ ಹೇಳುವ ಸುಳಿವು

ತಾರೀಖು ಒಂದು ದಿನ ತಪ್ಪಿದರೆ ನಕ್ಷತ್ರಗಳು ಬರೀ 1 ಡಿಗ್ರಿ ಜರುಗುತ್ತವೆ. ಕಣ್ಣಿಗೆ ಸಿಗುವುದೇ ಇಲ್ಲ. ಚಂದ್ರ ಮಾತ್ರ ನಕ್ಷತ್ರಗಳ ನಡುವೆ ದಿನಕ್ಕೆ ಸುಮಾರು 13 ಡಿಗ್ರಿ ಓಡುತ್ತಾನೆ. ನಕ್ಷತ್ರಗಳು ಹೊಂದಿಕೊಂಡು ಚಂದ್ರ ಒಂದು ಮುಷ್ಟಿಗಿಂತ ಜಾಸ್ತಿ ಆಚೆ ಇದ್ದರೆ ತಾರೀಖು ನೋಡಿ.

ನಕ್ಷತ್ರಗಳು ಸರಿ, ಆದರೆ ಗ್ರಹಗಳೆಲ್ಲ ಬೇರೆ ಬೇರೆ ರಾಶಿಯಲ್ಲಿ ಇವೆಯಾ? ಹಾಗಾದರೆ ಇಸವಿ ತಪ್ಪು. ಅದೇ ತಾರೀಖು, ಅದೇ ಹೊತ್ತು, ಬೇರೆ ವರ್ಷ ಆದರೆ ನಕ್ಷತ್ರಗಳ ಜಾಗ ಹೆಚ್ಚುಕಡಿಮೆ ಒಂದೇ. ಗುರು ಮಾತ್ರ ವರ್ಷಕ್ಕೆ ಸುಮಾರು 30 ಡಿಗ್ರಿ ಮುಂದೆ ಹೋಗಿರುತ್ತದೆ. ಮದರ್‌ಬೋರ್ಡ್‌ನ ಬ್ಯಾಟರಿ ಸತ್ತ ಹಳೆಯ ಲ್ಯಾಪ್‌ಟಾಪ್‌ಗಳಲ್ಲಿ ಇದನ್ನು ಮೊದಲು ಅನುಮಾನಿಸಿ.

ಹಗಲಲ್ಲೇ ಚಂದ್ರ ಕಾಣುವ ದಿನ ಈ ಪರೀಕ್ಷೆಗಳನ್ನು ಸಂಜೆಗೆ ಮೊದಲೇ ಮುಗಿಸಿಕೊಳ್ಳಬಹುದು.

ಫೋನ್ ಬೇರೆ ದಿಕ್ಕು ತೋರಿಸುತ್ತಿದ್ದರೆ

ಫೋನ್ ಎತ್ತಿ ಹಿಡಿದರೆ ನಕ್ಷತ್ರದ ಹೆಸರು ಬರುತ್ತದೆ, ಆದರೆ ಪಕ್ಕದ ನಕ್ಷತ್ರದ ಹೆಸರು ಬರುತ್ತದೆ. ಇಲ್ಲಿ ಆಪ್‌ನ ಲೆಕ್ಕವನ್ನೂ ಫೋನ್‌ನ ದಿಕ್ಸೂಚಿಯನ್ನೂ ಬೇರೆ ಬೇರೆ ಮಾಡಿ ನೋಡಬೇಕು. ಸೆನ್ಸರ್ ಆಫ್ ಮಾಡಿ, ಬೆರಳಿನಿಂದ ಆಕಾಶ ಎಳೆದು ಒಂದು ನಕ್ಷತ್ರದ ಎತ್ತರ ಮತ್ತು ದಿಕ್ಕು ಓದಿ. ಆ ಅಂಕಿಗಳು ನಿಜದ ಆಕಾಶಕ್ಕೆ ಹೊಂದಿದರೆ ಆಪ್ ಸರಿ, ದಿಕ್ಸೂಚಿ ಮಾತ್ರ ತಪ್ಪಿದೆ. ಎತ್ತರ ಸರಿ ಇದ್ದು ದಿಕ್ಕು ಮಾತ್ರ ಎಲ್ಲ ಕಡೆ ಒಂದೇ ಅಳತೆಯಲ್ಲಿ ಜರುಗುವುದು ದಿಕ್ಸೂಚಿ ದೋಷದ ಲಕ್ಷಣ.

ಕಾರಣ ಹೆಚ್ಚಾಗಿ ಹತ್ತಿರದಲ್ಲೇ ಇರುತ್ತದೆ. ಆಯಸ್ಕಾಂತ ಇರುವ ಫೋನ್ ಕವರ್, ಕಬ್ಬಿಣದ ಟ್ರೈಪಾಡ್, ಕಾರಿನ ಬಾನೆಟ್, ಸ್ಪೀಕರ್. ಇವುಗಳಿಂದ ನಾಲ್ಕು ಹೆಜ್ಜೆ ದೂರ ಬಂದು, ಫೋನನ್ನು ಗಾಳಿಯಲ್ಲಿ ಎಂಟರ ಆಕಾರದಲ್ಲಿ ಕೆಲವು ಸಲ ಆಡಿಸಿ. ಫೋನ್‌ನ ದಿಕ್ಸೂಚಿ ಆಪ್‌ನಲ್ಲಿ ‘ನಿಜ ಉತ್ತರ’ ಎಂಬ ಆಯ್ಕೆ ಇದ್ದರೆ ಅದನ್ನು ಆನ್ ಮಾಡಿ. ಕಾಂತೀಯ ಉತ್ತರಕ್ಕೂ ನಿಜ ಉತ್ತರಕ್ಕೂ ಕೆಲವು ಪ್ರದೇಶಗಳಲ್ಲಿ 10 ಡಿಗ್ರಿಗಿಂತ ಜಾಸ್ತಿ ವ್ಯತ್ಯಾಸ ಇದೆ.

ದಿಕ್ಸೂಚಿಯನ್ನು ಬಿಸಿಲಲ್ಲಿ ಪರೀಕ್ಷಿಸಲು ಒಂದು ಒಳ್ಳೆಯ ದಾರಿ ಇದೆ. ಒಂದು ದಾರಕ್ಕೆ ಭಾರ ಕಟ್ಟಿ ತೂಗುಬಿಡಿ. ಅದರ ನೆರಳು ಸೂರ್ಯನಿಗೆ ಸರಿಯಾಗಿ ಎದುರು ದಿಕ್ಕಿಗೆ ಬೀಳುತ್ತದೆ. ಸಾಫ್ಟ್‌ವೇರ್ ಹೇಳುವ ಸೂರ್ಯನ ದಿಕ್ಕಿಗೆ 180 ಡಿಗ್ರಿ ಸೇರಿಸಿದರೆ ನೆರಳಿನ ದಿಕ್ಕು. 360 ದಾಟಿದರೆ 360 ಕಳೆಯಿರಿ. ಫೋನ್ ಅಷ್ಟೇ ತೋರಿಸಬೇಕು. ನೆರಳನ್ನು ಮಾತ್ರ ನೋಡಿ. ಸೂರ್ಯನನ್ನು ಬರಿಗಣ್ಣಲ್ಲಿ, ಟೆಲಿಸ್ಕೋಪ್‌ನಲ್ಲಿ, ಕ್ಯಾಮೆರಾದ ಕಿಂಡಿಯಲ್ಲಿ ಯಾವ ಕಾರಣಕ್ಕೂ ನೋಡಬೇಡಿ.

ಟೆಲಿಸ್ಕೋಪ್ ಬೇರೆಡೆಗೆ ಹೋಗುತ್ತಿದ್ದರೆ

ಇದು ಹೆಚ್ಚು ತಲೆ ತಿನ್ನುವ ದೋಷ. ಇಲ್ಲಿ ಸಾಫ್ಟ್‌ವೇರ್, ಟೆಲಿಸ್ಕೋಪ್ ಹೊತ್ತು ತಿರುಗಿಸುವ ಮೌಂಟ್, ಅವೆರಡರ ನಡುವೆ ಮಾತು ದಾಟಿಸುವ ಡ್ರೈವರ್ ಮೂರೂ ಇವೆ, ಮೂರಕ್ಕೂ ತಮ್ಮದೇ ಸಮಯ, ಸ್ಥಳ ಇರಬಹುದು. ಸಾಫ್ಟ್‌ವೇರ್‌ನಲ್ಲಿ ಎಲ್ಲ ಸರಿ ಮಾಡಿ, ಮೌಂಟ್‌ನ ಕೈ ನಿಯಂತ್ರಕದಲ್ಲಿ ಹಳೆಯ ಸ್ಥಳ ಉಳಿದಿದ್ದರೆ ಟೆಲಿಸ್ಕೋಪ್ ಎಲ್ಲೋ ತಿರುಗುತ್ತದೆ. ಕಣ್ಣೆದುರು ಕಾಣುವ ನಕ್ಷತ್ರವನ್ನು ‘ದಿಗಂತದ ಕೆಳಗಿದೆ’ ಎಂದು ಮೌಂಟ್ ನಿರಾಕರಿಸಿದರೆ ನೇರವಾಗಿ ಮೌಂಟ್‌ನ ಸಮಯ ಮತ್ತು ಸ್ಥಳ ನೋಡಿ, ಬೇರೆ ಯೋಚನೆ ಬೇಡ.

ಹೆಚ್ಚು ಬಳಕೆಯಲ್ಲಿರುವ ಹಲವು ಕೈ ನಿಯಂತ್ರಕಗಳು ಮೊದಲು ತಿಂಗಳು, ಆಮೇಲೆ ದಿನ ಕೇಳುತ್ತವೆ. ಮಾರ್ಚ್ 4ನ್ನು 04/03 ಎಂದು ಒತ್ತಿದರೆ ಅದಕ್ಕೆ ಏಪ್ರಿಲ್ 3. ಮೂವತ್ತು ದಿನ, ಸುಮಾರು 30 ಡಿಗ್ರಿ, ಅಂದರೆ ಮೂರು ಮುಷ್ಟಿ ದೂರ. ತಿಂಗಳ 13ನೇ ತಾರೀಖಿನಿಂದ ಮುಂದೆ ಈ ತಪ್ಪು ಆಗುವುದೇ ಇಲ್ಲ, ಯಾಕೆಂದರೆ 13ನೇ ತಿಂಗಳನ್ನು ಯಂತ್ರ ಒಪ್ಪುವುದಿಲ್ಲ. ‘ಕೆಲವು ದಿನ ಸರಿ ಇರುತ್ತದೆ, ಕೆಲವು ದಿನ ಕೆಡುತ್ತದೆ’ ಎನ್ನುವವರು ಕೆಟ್ಟ ರಾತ್ರಿಗಳ ತಾರೀಖು ನೋಡಲಿ. ಬೇಸಿಗೆ ಸಮಯದ ಪ್ರಶ್ನೆಗೂ ಹುಷಾರಾಗಿ ಉತ್ತರಿಸಿ. ಟೈಮ್‌ಜೋನ್‌ನಲ್ಲೇ ಒಂದು ಗಂಟೆ ಸೇರಿಸಿ, ಮತ್ತೆ ಬೇಸಿಗೆ ಸಮಯಕ್ಕೂ ‘ಹೌದು’ ಎಂದರೆ 15 ಡಿಗ್ರಿ ಹೋಯಿತು.

ದೊಡ್ಡ ತಪ್ಪುಗಳು ಮುಗಿದ ಮೇಲೆ ಉಳಿಯುವುದು ಸಣ್ಣ ತಪ್ಪು: ಟೆಲಿಸ್ಕೋಪ್ ಹತ್ತಿರಕ್ಕೆ ಹೋಗುತ್ತದೆ, ಆದರೆ ಗುರಿ ಐಪೀಸ್‌ನ (ಕಣ್ಣಿಟ್ಟು ನೋಡುವ ಲೆನ್ಸ್) ಅಂಚಿನಲ್ಲೋ ಆಚೆಯೋ ಇರುತ್ತದೆ. ಈ ತಪ್ಪು ಡಿಗ್ರಿಯ ಮೂರನೇ ಒಂದು ಭಾಗದಷ್ಟಿದ್ದರೆ ಜೆ2000 ಮತ್ತು ಜೆನೌ ಗೊಂದಲ ಇರಬಹುದು. ಭೂಮಿಯ ಅಕ್ಷ ನಿಧಾನವಾಗಿ ತಿರುಗುವುದರಿಂದ ನಕ್ಷತ್ರಗಳ ಅಂಕಿಗಳು ವರ್ಷಕ್ಕೆ ಸುಮಾರು 50 ಆರ್ಕ್‌ಸೆಕೆಂಡ್ ಬದಲಾಗುತ್ತವೆ (60 ಆರ್ಕ್‌ಸೆಕೆಂಡ್ ಎಂದರೆ ಒಂದು ಆರ್ಕ್‌ಮಿನಿಟ್). 2000ನೇ ಇಸವಿಗೆ ಲೆಕ್ಕ ಹಾಕಿದ ಅಂಕಿ ಜೆ2000, ಇವತ್ತಿನ ಅಂಕಿ ಜೆನೌ. 2025ರ ಹೊತ್ತಿಗೆ ಎರಡರ ನಡುವೆ ಸುಮಾರು 21 ಆರ್ಕ್‌ಮಿನಿಟ್ ಅಂತರ ಬೆಳೆದಿದೆ, ಚಂದ್ರನ ಅಗಲದ ಮೂರನೇ ಎರಡು ಭಾಗ. ಸಾಫ್ಟ್‌ವೇರ್ ಒಂದನ್ನು ಕಳಿಸಿ ಮೌಂಟ್ ಇನ್ನೊಂದು ಎಂದು ತಿಳಿದರೆ ಅಷ್ಟು ದೂರ ತಪ್ಪುತ್ತದೆ.

ಇಲ್ಲಿ ಮೋಸ ಹೋಗುವುದು ಸುಲಭ. ಮೌಂಟ್ ತನಗೆ ಬಂದ ಅಂಕಿಯನ್ನೇ ತಿರುಗಿಸಿ ಹೇಳುತ್ತದೆ. ಹಾಗಾಗಿ ಸ್ಕ್ರೀನ್‌ನಲ್ಲಿ ಟೆಲಿಸ್ಕೋಪ್ ಗುರುತು ಗುರಿಯ ಮೇಲೆ ಸರಿಯಾಗಿ ಕೂತಿರುತ್ತದೆ. ಟೆಲಿಸ್ಕೋಪ್ ಮಾತ್ರ ಪಕ್ಕಕ್ಕೆ ನೋಡುತ್ತಿರುತ್ತದೆ. ಸ್ಕ್ರೀನ್ ನಂಬಿ ಮೌಂಟ್ ಕೆಟ್ಟಿದೆ ಎಂದುಕೊಳ್ಳುತ್ತೇವೆ. ಸ್ಟೆಲೇರಿಯಂನ ಟೆಲಿಸ್ಕೋಪ್ ಸೆಟ್ಟಿಂಗ್‌ನಲ್ಲಿ ಜೆ2000 ಮತ್ತು ಜೆನೌ ಆಯ್ಕೆ ಇದೆ. ಡ್ರೈವರ್‌ನಲ್ಲಿ ಏನಿದೆಯೋ ಇಲ್ಲೂ ಅದೇ ಇರಲಿ.

ಇದನ್ನು ಖಚಿತ ಮಾಡಿಕೊಳ್ಳಲು ಪ್ಲೇಟ್ ಸಾಲ್ವಿಂಗ್‌ಗಿಂತ (ಫೋಟೊದಲ್ಲಿರುವ ನಕ್ಷತ್ರಗಳಿಂದ ಆಕಾಶದ ಜಾಗ ಗುರುತಿಸುವುದು) ಒಳ್ಳೆಯ ಸಾಧನ ಇಲ್ಲ. ಗುರಿಯ ಕಡೆ ಟೆಲಿಸ್ಕೋಪ್ ತಿರುಗಿಸಿ, ಕೆಲವು ಸೆಕೆಂಡಿನ ಒಂದು ಫೋಟೊ ತೆಗೆದು ಆಸ್ಟಾಪ್ ಅಥವಾ ಆಸ್ಟ್ರೋಮೆಟ್ರಿ.ನೆಟ್‌ಗೆ ಕೊಡಿ. ಫೋಟೊದ ನಡು ಬಿಂದು ನಿಜವಾಗಿ ಎಲ್ಲಿದೆ ಎಂದು ಅದು ಹೇಳುತ್ತದೆ. ಆ ಅಂಕಿ ಸಾಮಾನ್ಯವಾಗಿ ಜೆ2000ದಲ್ಲಿ ಇರುತ್ತದೆ, ಆದ್ದರಿಂದ ಸಾಫ್ಟ್‌ವೇರ್‌ನಲ್ಲೂ ಜೆ2000 ಸಾಲಿನ ಜೊತೆಗೇ ಹೋಲಿಸಿ. ಆಕಾಶದ ಮೂರು ನಾಲ್ಕು ಕಡೆ ಹೀಗೆ ಮಾಡಿ. ತಪ್ಪು ಕ್ರಾಂತಿವೃತ್ತದ (ನಕ್ಷತ್ರಗಳ ನಡುವೆ ಸೂರ್ಯ ಸಾಗುವ ದಾರಿ) ಹತ್ತಿರ 20 ಆರ್ಕ್‌ಮಿನಿಟ್ ಆಸುಪಾಸಿನಲ್ಲಿದ್ದು, ಎಲ್ಲ ಕಡೆ ಆ ದಾರಿಯ ಗುಂಟ ಒಂದೇ ದಿಕ್ಕಿಗೆ ಇದ್ದರೆ ಜೆ2000-ಜೆನೌ ಗೊಂದಲ. ಜಾಗದಿಂದ ಜಾಗಕ್ಕೆ ಬೇರೆ ಬೇರೆ ಆಗುತ್ತಿದ್ದರೆ ಧ್ರುವ ಹೊಂದಿಕೆ (ಮೌಂಟ್‌ನ ಅಕ್ಷವನ್ನು ಆಕಾಶದ ಧ್ರುವಕ್ಕೆ ನೇರ ಮಾಡುವುದು) ಸರಿ ಇಲ್ಲ. ಮೆರಿಡಿಯನ್ (ಉತ್ತರದಿಂದ ನೆತ್ತಿಯ ಮೇಲೆ ಹಾದು ದಕ್ಷಿಣಕ್ಕೆ ಹೋಗುವ ಗೆರೆ) ದಾಟಿ ಟೆಲಿಸ್ಕೋಪ್ ಮಗುಚಿದ ಮೇಲೆ ತಪ್ಪು ಉಲ್ಟಾ ದಿಕ್ಕಿಗೆ ಹೋದರೆ ಟೆಲಿಸ್ಕೋಪ್ ಮೌಂಟ್‌ನ ಮೇಲೆ ಸ್ವಲ್ಪ ಓರೆಯಾಗಿ ಕೂತಿದೆ.

ಇನ್ನು, ಮೌಂಟ್ ಕನೆಕ್ಟೇ ಆಗದಿದ್ದರೆ: ಒಂದು ಸೀರಿಯಲ್ ಪೋರ್ಟ್ ಅನ್ನು ಒಂದು ಸಲಕ್ಕೆ ಒಂದೇ ಪ್ರೋಗ್ರಾಂ ಹಿಡಿಯಬಹುದು. ಫೋಟೊ ತೆಗೆಯುವಾಗ ಮೌಂಟನ್ನು ಗುರಿಯ ಮೇಲೇ ಇಡುವ ಗೈಡಿಂಗ್ ಸಾಫ್ಟ್‌ವೇರ್ ಹಿಡಿದಿದ್ದರೆ ಪ್ಲಾನಟೇರಿಯಂಗೆ ಸಿಗುವುದಿಲ್ಲ. ಹಲವು ಪ್ರೋಗ್ರಾಂಗಳು ಒಂದೇ ಮೌಂಟ್ ಬಳಸಲು ಬಿಡುವ ಆಸ್ಕಾಂ ಅಥವಾ ಇಂಡಿ ಮೂಲಕ ಹಂಚಿಕೊಳ್ಳಿ. ಇಂಡಿಯ ಪೋರ್ಟ್ 7624. ಆಕಾಶದ ಫೋಟೊ ತೆಗೆಯಲು ಬಳಸುವ ನೈನಾ ಸಾಫ್ಟ್‌ವೇರ್ ಸ್ಟೆಲೇರಿಯಂನಿಂದ ಗುರಿಯ ಅಂಕಿ ತರುತ್ತಿಲ್ಲವಾದರೆ ಸ್ಟೆಲೇರಿಯಂನಲ್ಲಿ ರಿಮೋಟ್ ಕಂಟ್ರೋಲ್ ಪ್ಲಗಿನ್ ಆನ್ ಮಾಡಿ, ಸಾಫ್ಟ್‌ವೇರ್ ಮುಚ್ಚಿ ತೆರೆದು, ಅದರ ಸರ್ವರ್ ಓಡುತ್ತಿದೆಯಾ ನೋಡಿ. ಅದರ ಮಾಮೂಲಿ ಪೋರ್ಟ್ 8090. ಎರಡೂ ಕಡೆ ಒಂದೇ ಇರಬೇಕು.

ಚೌಕಟ್ಟು ಫೋಟೊಗೆ ಹೊಂದದಿದ್ದರೆ

ಕಂಟ್ರೋಲ್ ಮತ್ತು ‘ಒ’ ಒತ್ತಿದರೆ ಬರುವ ಐಪೀಸ್ ನೋಟ, ಅದರ ಜೊತೆಗಿನ ಕ್ಯಾಮೆರಾ ಚೌಕಟ್ಟು ನೀವು ಕೊಟ್ಟ ಅಂಕಿಗಳಷ್ಟೇ ಸತ್ಯ. ಲೆಕ್ಕ ನೀವೇ ಮಾಡಿ ನೋಡಬಹುದು. ಸೆನ್ಸರ್‌ನ ಅಗಲವನ್ನು ಮಿಲಿಮೀಟರ್‌ನಲ್ಲಿ ತೆಗೆದುಕೊಂಡು 57.3ರಿಂದ ಗುಣಿಸಿ, ಫೋಕಲ್ ಲೆಂತ್‌ನಿಂದ ಭಾಗಿಸಿ. 22.3 ಮಿಲಿಮೀಟರ್ ಅಗಲದ ಎಪಿಎಸ್-ಸಿ ಸೆನ್ಸರ್, 600 ಮಿಲಿಮೀಟರ್ ಟೆಲಿಸ್ಕೋಪ್ ಎಂದರೆ ಸುಮಾರು 2.1 ಡಿಗ್ರಿ. ಆಂಡ್ರೊಮಿಡಾ ಗ್ಯಾಲಕ್ಸಿ ಸುಮಾರು 3 ಡಿಗ್ರಿ ಉದ್ದ, ಹಾಗಾಗಿ ಅದು ಇದರಲ್ಲಿ ಹಿಡಿಸಲಾರದು.

ಬಹಳ ಜನ ಎಡವುವುದು ಕ್ರಾಪ್ ಫ್ಯಾಕ್ಟರ್‌ನಲ್ಲಿ, ಅಂದರೆ ಸೆನ್ಸರ್ ಫುಲ್ ಫ್ರೇಮ್‌ಗಿಂತ ಎಷ್ಟು ಪಟ್ಟು ಚಿಕ್ಕದು ಎಂಬ ಅಂಕಿಯಲ್ಲಿ. ಸೆನ್ಸರ್‌ನ ನಿಜ ಅಳತೆ ಕೊಟ್ಟ ಮೇಲೆ ಫೋಕಲ್ ಲೆಂತ್ ಅನ್ನು 1.6ರಿಂದ ಗುಣಿಸಬಾರದು. 200 ಮಿಲಿಮೀಟರ್ ಲೆನ್ಸ್‌ಗೆ ಆ ಸೆನ್ಸರ್‌ನಲ್ಲಿ 6.4 ಡಿಗ್ರಿ ಸಿಗಬೇಕು. 320 ಎಂದು ಬರೆದರೆ ಸಾಫ್ಟ್‌ವೇರ್ 4 ಡಿಗ್ರಿ ಎನ್ನುತ್ತದೆ. ಫೋಟೊ ಚೌಕಟ್ಟಿಗಿಂತ ದೊಡ್ಡದಾಗಿ ಬಂದರೆ ಇದನ್ನೂ, ಲೆಕ್ಕಕ್ಕೆ ಸೇರಿಸದ ರೆಡ್ಯೂಸರ್ (ಫೋಕಲ್ ಲೆಂತ್ ಕಡಿಮೆ ಮಾಡುವ ಲೆನ್ಸ್) ಅನ್ನೂ ಅನುಮಾನಿಸಿ. ಚಿಕ್ಕದಾಗಿ ಬಂದರೆ ಮರೆತ ಬಾರ್ಲೋ (ಫೋಕಲ್ ಲೆಂತ್ ಹೆಚ್ಚಿಸುವ ಲೆನ್ಸ್). ‘1 ಇಂಚು’ ಎಂದು ಕರೆಯುವ ಸೆನ್ಸರ್ ನಿಜಕ್ಕೂ ಒಂದು ಇಂಚು ಇಲ್ಲ, 13.2 x 8.8 ಮಿಲಿಮೀಟರ್ ಅಷ್ಟೇ.

ನಿಜವಾದ ಫೋಕಲ್ ಲೆಂತ್ ಎಷ್ಟೆಂದು ಪ್ಲೇಟ್ ಸಾಲ್ವಿಂಗ್‌ನಿಂದಲೇ ತಿಳಿಯಬಹುದು. ಪಿಕ್ಸೆಲ್ ಅಳತೆಯನ್ನು ಮೈಕ್ರಾನ್‌ನಲ್ಲಿ ತೆಗೆದುಕೊಂಡು 206.265ರಿಂದ ಗುಣಿಸಿ, ಒಂದು ಪಿಕ್ಸೆಲ್‌ಗೆ ಎಷ್ಟು ಆರ್ಕ್‌ಸೆಕೆಂಡ್ ಎಂದು ಬಂದಿದೆಯೋ ಅದರಿಂದ ಭಾಗಿಸಿ. 3.76 ಮೈಕ್ರಾನ್ ಪಿಕ್ಸೆಲ್‌ಗೆ 1.62 ಬಂದರೆ ಸುಮಾರು 479 ಮಿಲಿಮೀಟರ್. 600ರ ಟೆಲಿಸ್ಕೋಪ್‌ಗೆ 0.8ರ ರೆಡ್ಯೂಸರ್ ಹಾಕಿದ್ದು ಇಲ್ಲಿ ಬಯಲಾಗುತ್ತದೆ. ಇದೇ ಅಂಕಿಯನ್ನು ಸಾಫ್ಟ್‌ವೇರ್‌ಗೆ ಕೊಡಿ, ಪೆಟ್ಟಿಗೆ ಮೇಲೆ ಬರೆದ ಅಂಕಿಗಿಂತ ಇದು ನಂಬಿಕಸ್ಥ.

ವೈಡ್ ಲೆನ್ಸ್‌ಗೆ 57.3ರ ಲೆಕ್ಕ ನಡೆಯುವುದಿಲ್ಲ. 14 ಮಿಲಿಮೀಟರ್ ಲೆನ್ಸ್‌ಗೆ ಫುಲ್ ಫ್ರೇಮ್‌ನಲ್ಲಿ ಅದು 147 ಡಿಗ್ರಿ ಎನ್ನುತ್ತದೆ, ನಿಜದಲ್ಲಿ ಸುಮಾರು 104. ನೆಲ ಸೇರಿಸಿ ಹಾಲುಹಾದಿ ತೆಗೆಯುವ ಯೋಜನೆ ಮಾಡುವಾಗ ಎಫ್4ರಲ್ಲಿ ಪ್ರೊಜೆಕ್ಷನ್ (ಗೋಳದ ಆಕಾಶವನ್ನು ಚಪ್ಪಟೆ ಪರದೆಗೆ ಬಿಡಿಸುವ ವಿಧಾನ) ಅನ್ನು ‘ಪರ್ಸ್ಪೆಕ್ಟಿವ್’ ಮಾಡಿಕೊಳ್ಳಿ. ಮಾಮೂಲಿಯಾಗಿ ಇರುವ ಸ್ಟೀರಿಯೊಗ್ರಾಫಿಕ್ ನೋಟ ಸಾಮಾನ್ಯ ಲೆನ್ಸ್ ಬಿಡಿಸುವ ಚಿತ್ರಕ್ಕೆ ಅಂಚುಗಳಲ್ಲಿ ಹೊಂದುವುದಿಲ್ಲ.

ಐಪೀಸ್‌ನಲ್ಲಿ ನೋಡುವವರಿಗೆ ಆಕಾಶ ಉಲ್ಟಾ ಕಂಡರೆ ಅದು ದೋಷ ಅಲ್ಲ. ಕನ್ನಡಿ ಬಳಸುವ ನ್ಯೂಟೋನಿಯನ್ ಟೆಲಿಸ್ಕೋಪ್ ಚಿತ್ರವನ್ನು ತಿರುಗಿಸುತ್ತದೆ, ಕನ್ನಡಿ ಬಿಂಬ ಮಾಡುವುದಿಲ್ಲ. ಮಾಮೂಲಿ ಡಯಾಗನಲ್ (ಬೆಳಕನ್ನು ಐಪೀಸ್ ಕಡೆ ತಿರುಗಿಸುವ ಕನ್ನಡಿ) ಹಾಕಿದ ರಿಫ್ರಾಕ್ಟರ್, ಅಂದರೆ ಲೆನ್ಸ್‌ನ ಟೆಲಿಸ್ಕೋಪ್, ಎಡ-ಬಲ ಅದಲುಬದಲು ಮಾಡುತ್ತದೆ. ಕಂಟ್ರೋಲ್, ಶಿಫ್ಟ್ ಮತ್ತು ‘ಹೆಚ್’ ಒತ್ತಿ ಸ್ಕ್ರೀನನ್ನೂ ಹಾಗೇ ಮಾಡಿಕೊಳ್ಳಿ.

ಉಳಿದ ಕೆಲವು

ಧೂಮಕೇತು ಅಥವಾ ಉಪಗ್ರಹ ಮಾತ್ರ ತಪ್ಪಿದ್ದರೆ ಅದರ ಕಕ್ಷೆಯ ಮಾಹಿತಿ ಹಳೆಯದು. ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದ ಮಾಹಿತಿಯನ್ನು ನೋಡುವ ದಿನವೇ ಅಪ್‌ಡೇಟ್ ಮಾಡಿ. ಅದು ಸೆಕೆಂಡಿಗೆ 7 ಕಿಲೋಮೀಟರ್‌ಗಿಂತ ಜಾಸ್ತಿ ಓಡುತ್ತದೆ, ಆಗಾಗ ಎತ್ತರವನ್ನೂ ಬದಲಿಸುತ್ತದೆ. ಅದರ ಜಾಗ ಸಮಯಕ್ಕೆ ತೀರಾ ಸೂಕ್ಷ್ಮ, ಗಡಿಯಾರ ಅರ್ಧ ನಿಮಿಷ ತಪ್ಪಿದರೂ ವ್ಯತ್ಯಾಸ ಕಾಣುತ್ತದೆ.

ಸ್ಕ್ರೀನ್‌ನಲ್ಲಿ ಕಾಣುವ ನಕ್ಷತ್ರ ಹೊರಗೆ ಕಾಣುತ್ತಿಲ್ಲ ಎಂಬುದು ಹಲವು ಸಲ ಬೆಳಕಿನ ಮಾಲಿನ್ಯದ ಮಾತು. ಎಫ್4ರಲ್ಲಿ ಬೆಳಕಿನ ಮಾಲಿನ್ಯದ ಮಟ್ಟ ಏರಿಸಿ, ಸ್ಕ್ರೀನ್ ನಿಮ್ಮ ಆಕಾಶದ ಹತ್ತಿರ ಬರುತ್ತದೆ.

ಸಾಫ್ಟ್‌ವೇರ್ ತೆರೆಯುವುದೇ ಇಲ್ಲ, ಕಪ್ಪು ಪರದೆ ಎಂದಾದರೆ ಗ್ರಾಫಿಕ್ಸ್ ಡ್ರೈವರ್ ಹೊಸದು ಮಾಡಿ. ಲ್ಯಾಪ್‌ಟಾಪ್‌ನಲ್ಲಿ ಎರಡು ಗ್ರಾಫಿಕ್ಸ್ ಚಿಪ್ ಇದ್ದರೆ ಶಕ್ತಿ ಜಾಸ್ತಿ ಇರುವುದನ್ನು ಆರಿಸಿ. ಸೆಟ್ಟಿಂಗ್ ಗೋಜಲಾಗಿದ್ದರೆ ಅಳಿಸಿ ಮತ್ತೆ ಹಾಕಿದರೂ ಕೆಲವೊಮ್ಮೆ ಪ್ರಯೋಜನ ಆಗುವುದಿಲ್ಲ, ಯಾಕೆಂದರೆ ಸೆಟ್ಟಿಂಗ್ ಫೈಲ್ ಬೇರೆ ಫೋಲ್ಡರ್‌ನಲ್ಲಿ ಉಳಿದುಬಿಡುತ್ತದೆ. ಸ್ಟೆಲೇರಿಯಂನ ಬಳಕೆದಾರ ಫೋಲ್ಡರ್‌ನಲ್ಲಿ ಇರುವ ಕಾನ್ಫಿಗ್ ಫೈಲ್‌ನ ಹೆಸರು ಬದಲಿಸಿ ತೆರೆದರೆ ಹೊಸದು ತಾನೇ ಹುಟ್ಟುತ್ತದೆ. ಅಳಿಸಬೇಡಿ, ನಿಮ್ಮ ಹಳೆಯ ಸೆಟ್ಟಿಂಗ್ ಅದರಲ್ಲಿ ಇದೆ.

ಇಷ್ಟಾದರೂ ಸಿಗದಿದ್ದರೆ ಬಲ್ಲವರನ್ನು ಕೇಳಿ. ಕೇಳುವಾಗ ‘ಕೆಲಸ ಮಾಡ್ತಿಲ್ಲ’ ಎಂದು ಮಾತ್ರ ಬರೆದರೆ ಯಾರಿಗೂ ಸಹಾಯ ಮಾಡಲು ಆಗುವುದಿಲ್ಲ, ಅಲ್ವಾ? ಸಾಫ್ಟ್‌ವೇರ್‌ನ ಆವೃತ್ತಿ, ನಿಮ್ಮ ಸ್ಥಳದ ಅಕ್ಷಾಂಶ-ರೇಖಾಂಶ ಪೂರ್ಣ ಡಿಗ್ರಿಯಲ್ಲಿ, ಆ ಹೊತ್ತಿನ ಯುಟಿಸಿ ಸಮಯ, ಯಾವ ನಕ್ಷತ್ರ, ಎಷ್ಟು ಡಿಗ್ರಿ, ಯಾವ ಕಡೆಗೆ ತಪ್ಪಿದೆ, ಇಷ್ಟು ಬರೆಯಿರಿ. ಅದೇ ಬಳಕೆದಾರ ಫೋಲ್ಡರ್‌ನಲ್ಲಿ ಲಾಗ್ ಫೈಲ್ ಕೂಡ ಇರುತ್ತದೆ, ಅದನ್ನೂ ಜೊತೆಗೆ ಕಳಿಸಿ.